ಕಾಟಾದ ಮೇಲೆ ಇದ್ದದ್ದೇನು?



ಇಂಡಿ ಎಂದರೆ ಹೊರಗಿನವರಿಗೆ ಲಿಂಬಿ ನೆನಪಾಗುತ್ತದೆ. ಭೀಮೆಯ ದಂಡೆ, ಎರಿ ಭೂಮಿ, ತೊಗರಿ, ಕಬ್ಬು, ದ್ರಾಕ್ಷಿ ನೆನಪಾಗುತ್ತವೆ. ಪತ್ರಿಕೆಯ ಜಿಲ್ಲಾ ಪುಟದಲ್ಲಿ ಮಾತ್ರ ಇಂಡಿ, ಚಡಚಣ, ಸಿಂದಗಿಯ ಹೆಸರುಗಳು ಆಗಾಗ ಇನ್ನೊಂದು ಗಿಡದ ಜೊತೆಗೂ ಬರುತ್ತವೆ. ಕಬ್ಬಿನ ನಡುವೆ, ಹತ್ತಿಯ ಸಾಲಿನಲ್ಲಿ, ತೊಗರಿಯ ಮರೆಯಲ್ಲಿ ಬೆಳೆಸಿದ್ದ ಗಾಂಜಾ ಗಿಡಗಳನ್ನು ಪೊಲೀಸರೋ ಅಬಕಾರಿಯವರೋ ಕಿತ್ತು ಜಪ್ತಿ ಮಾಡಿದರು ಎಂಬ ಸುದ್ದಿ. ಜೊತೆಗೊಂದು ಫೋಟೊ. ಮುಂದೆ ಹಸಿರು ಗಿಡಗಳ ರಾಶಿ, ಹಿಂದೆ ಅಧಿಕಾರಿಗಳ ಸಾಲು, ನಡುವೆ ತಲೆ ತಗ್ಗಿಸಿ ಕುಳಿತ ಒಬ್ಬ ಮನುಷ್ಯ. ಕೆಳಗೆ ಇಷ್ಟು ಕಿಲೊ ಎಂಬ ಒಂದು ಅಂಕಿ.

ಅಂಥದೇ ಒಂದು ಪ್ರಕರಣದಲ್ಲಿ ಮಗನನ್ನು ಜೈಲಿಗೆ ಕಳಿಸಿಕೊಂಡ ತಾಯಿಯೊಬ್ಬರು ನನ್ನ ಕಚೇರಿಗೆ ಬಂದಿದ್ದರು. ಪಂಚನಾಮೆಯನ್ನು ಅವರಿಗೆ ಓದಿ ಹೇಳಿದೆ. ಎಲ್ಲ ಕೇಳಿಸಿಕೊಂಡು ಅವರು ಒಂದೇ ಮಾತು ಕೇಳಿದರು: “ವಕೀಲ ಸಾಹೇಬ್ರ, ಬ್ಯಾರಿನ ಮಣ್ಣೂ ತೂಕದಾಗ ಬರ್ತದೇನ್ರಿ?”

ಅವರಿಗೆ ಅಕ್ಷರ ಬರುತ್ತಿರಲಿಲ್ಲ. ಆದರೆ ಈ ಕಾಯ್ದೆಯ ಬಗ್ಗೆ ಅದಕ್ಕಿಂತ ಒಳ್ಳೆಯ ಪ್ರಶ್ನೆಯನ್ನು ಕೋರ್ಟಿನ ಒಳಗೂ ನಾನು ಹೆಚ್ಚು ಕೇಳಿಲ್ಲ. ಇವತ್ತಿನ ಉಪನ್ಯಾಸವೆಲ್ಲ ಆ ಪ್ರಶ್ನೆಗೆ ಕೊಡಬೇಕಾದ ಉತ್ತರ.

ಮಾದಕ ದ್ರವ್ಯ ಮತ್ತು ಮನೋಪರಿಣಾಮಕ ವಸ್ತುಗಳ ಕಾಯ್ದೆ ಜಾರಿಗೆ ಬಂದದ್ದು 1985ರ ನವೆಂಬರ್ 14ರಂದು. ನಾವೆಲ್ಲ ಎನ್‌ಡಿಪಿಎಸ್ ಎಂದೇ ಕರೆಯುತ್ತೇವೆ. ಅದಕ್ಕೆ ಮೊದಲು ಗಾಂಜಾ ಅಬಕಾರಿ ಕಾನೂನಿನ ಸರಕು. ನಮ್ಮ ವಿಜಯಪುರ ಜಿಲ್ಲೆ ಮುಂಬಯಿ ಪ್ರಾಂತದಲ್ಲಿದ್ದ ಕಾಲದಲ್ಲಿ ಬ್ರಿಟಿಷ್ ಸರ್ಕಾರ 1893-94ರಲ್ಲಿ ಒಂದು ಆಯೋಗವನ್ನೇ ನೇಮಿಸಿತ್ತು. ಸಾವಿರಕ್ಕೂ ಹೆಚ್ಚು ಸಾಕ್ಷಿಗಳನ್ನು ವಿಚಾರಿಸಿದ ಆ ಆಯೋಗ ಗಾಂಜಾವನ್ನು ಪೂರ್ತಿ ನಿಷೇಧಿಸುವುದು ಬೇಡ, ಪರವಾನಗಿ ಮತ್ತು ತೆರಿಗೆಯ ಹಿಡಿತದಲ್ಲಿಟ್ಟರೆ ಸಾಕು ಎಂದಿತು. 1961ರ ವಿಶ್ವಸಂಸ್ಥೆಯ ಒಪ್ಪಂದ ಆ ಕಾಲವನ್ನು ಮುಗಿಸಿತು. ಆ ಒಪ್ಪಂದದ ಮೊದಲ ವಿಧಿಯಲ್ಲಿದ್ದ ವ್ಯಾಖ್ಯೆಯೇ ನಮ್ಮ ಕಾಯ್ದೆಯ 2ನೇ ಕಲಮಿಗೆ ಇಳಿದು ಬಂದಿದೆ. ಗಾಂಜಾ ಎಂದರೆ ಗಿಡದ ಹೂವಿನ ಅಥವಾ ಕಾಯಿಯ ತುದಿ. ತುದಿಯ ಜೊತೆಗಿರದ ಎಲೆ ಮತ್ತು ಬೀಜ ಗಾಂಜಾ ಅಲ್ಲ.

ಈ ಎರಡು ಸಾಲು ಓದಿದವರಿಗೆ ಆ ತಾಯಿಯ ಪ್ರಶ್ನೆ ಎಷ್ಟು ದೂರ ಹೋಗುತ್ತದೆ ಎಂಬುದು ಹೊಳೆಯುತ್ತದೆ. ಬೇರು ಗಾಂಜಾ ಅಲ್ಲ. ಬೇರಿಗಂಟಿದ ಎರಿ ಮಣ್ಣು ಗಾಂಜಾ ಅಲ್ಲ. ಆಳೆತ್ತರದ ಹಸಿ ಕಾಂಡ ಗಾಂಜಾ ಅಲ್ಲ. ಹಾಗಾದರೆ ಕಾಟಾದ ಮೇಲೆ ಇದ್ದದ್ದೇನು?

ಯಾಕಿಷ್ಟು ತೂಕದ ಮಾತು ಎಂದು ನೀವು ಕೇಳಬಹುದು. ಗಿಡ ಬೆಳೆದದ್ದೇ ಅಪರಾಧವಲ್ಲವೇ? ಹೌದು, ಅಪರಾಧವೇ. 20ನೇ ಕಲಮಿನ ಮೊದಲ ಭಾಗ ಬೆಳೆಯುವವನಿಗೆ 10 ವರ್ಷದವರೆಗೆ ಕಠಿಣ ಸಜೆ, 1 ಲಕ್ಷದವರೆಗೆ ದಂಡ ಹೇಳುತ್ತದೆ. ಅಲ್ಲಿ ತೂಕದ ಲೆಕ್ಕವಿಲ್ಲ. ಅದೇ ಕಲಮಿನ ಎರಡನೇ ಭಾಗ ಗಾಂಜಾ ಇಟ್ಟುಕೊಂಡವನದು, ಮಾರಿದವನದು, ಸಾಗಿಸಿದವನದು. ಅಲ್ಲಿ ತೂಕವೇ ಎಲ್ಲ. 2001ರ ಅಧಿಸೂಚನೆಯ ಪ್ರಕಾರ 1 ಕಿಲೊ ತನಕ ಅಲ್ಪ ಪ್ರಮಾಣ, ಸಜೆ ಹೆಚ್ಚೆಂದರೆ 1 ವರ್ಷ. 20 ಕಿಲೊ ವಾಣಿಜ್ಯ ಪ್ರಮಾಣದ ಗಡಿ. ಅದನ್ನು ದಾಟಿದರೆ 10 ವರ್ಷಕ್ಕೆ ಕಡಿಮೆ ಸಜೆ ಕೊಡುವ ಅಧಿಕಾರ ನ್ಯಾಯಾಧೀಶರಿಗೇ ಇಲ್ಲ, 20 ವರ್ಷದವರೆಗೂ ಹೋಗಬಹುದು. ವಾಣಿಜ್ಯ ಪ್ರಮಾಣವಾದರೆ 37ನೇ ಕಲಮು ಜಾಮೀನಿನ ಬಾಗಿಲಿಗೆ ಅಡ್ಡ ನಿಲ್ಲುತ್ತದೆ. ಆರೋಪಿ ತಪ್ಪು ಮಾಡಿಲ್ಲ ಎಂದು ನಂಬಲು ಸಕಾರಣವಿದೆ ಎಂದು ವಿಚಾರಣೆಗೆ ಮೊದಲೇ ನ್ಯಾಯಾಲಯಕ್ಕೆ ಮನವರಿಕೆಯಾಗಬೇಕು. ದೋಷಾರೋಪ ಪಟ್ಟಿ ಸಲ್ಲಿಸಲು ತನಿಖಾಧಿಕಾರಿಗೆ 180 ದಿನ ಸಿಗುತ್ತದೆ, ಸರ್ಕಾರಿ ಅಭಿಯೋಜಕರು ಕಾರಣ ಕೊಟ್ಟು ಕೇಳಿದರೆ ಅದು ಒಂದು ವರ್ಷವಾಗಬಹುದು. ಹೊಲದಲ್ಲಿ ಬೇರು ಕತ್ತರಿಸಿ ತೂಗಿದರೋ ಬೇರು ಸಮೇತ ತೂಗಿದರೋ ಎಂಬುದರ ಮೇಲೆ ಒಬ್ಬ ಮನುಷ್ಯನ ಹತ್ತು ವರ್ಷ ನಿಂತಿದೆ.

ಇಡೀ ಗಿಡ ತೂಗಿ, ತುದಿ ಬೇರ್ಪಡಿಸದೆ, 20 ಕಿಲೊ ದಾಟಿತು ಎಂದಾಗ ವಾಣಿಜ್ಯ ಪ್ರಮಾಣದ ಬಗ್ಗೆಯೇ ಸಂದೇಹವಿದೆ ಎಂದು ದೇಶದ ಹಲವು ಹೈಕೋರ್ಟುಗಳು ಜಾಮೀನು ನೀಡಿವೆ. 2020ರ ಹೀರಾ ಸಿಂಗ್ ತೀರ್ಪನ್ನು ಅಭಿಯೋಜಕರು ಇದಕ್ಕೆ ಎದುರು ಹಿಡಿಯುತ್ತಾರೆ. ಮಾದಕ ವಸ್ತುವಿನಲ್ಲಿ ಬೇರೆ ಪದಾರ್ಥ ಬೆರೆಸಿದ್ದರೆ ಒಟ್ಟು ತೂಕವನ್ನೇ ಹಿಡಿಯಬೇಕು ಎಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಅಲ್ಲಿ ಹೇಳಿದ್ದು ನಿಜ. ಆದರೆ ಅದು ಬೆರೆಸಿದ ಮಾಲಿನ ಮಾತು. ಎರಿ ಮಣ್ಣನ್ನು ಗಿಡಕ್ಕೆ ಯಾರೂ ಬೆರೆಸಿರುವುದಿಲ್ಲ, ಗಿಡ ಮಣ್ಣಿನಲ್ಲೇ ಬೆಳೆಯುತ್ತದೆ. ಈ ವ್ಯತ್ಯಾಸವನ್ನು ವಾದದಲ್ಲಿ ಬಿಡಿಸಿ ಹೇಳಬೇಕಾದದ್ದು ನಮ್ಮ ಕೆಲಸ.

ಇನ್ನು ಹೊಲ ಯಾರದು? ನಮ್ಮ ಕಡೆ ಇದು ಸರಳ ಪ್ರಶ್ನೆಯಲ್ಲ. ಉತಾರದಲ್ಲಿ ಹೆಸರು ತೀರಿಹೋದ ಅಜ್ಜನದಿರುತ್ತದೆ. ಹೊಲ ನಾಲ್ವರು ಅಣ್ಣತಮ್ಮಂದಿರ ಬಾಯಿಮಾತಿನ ವಾಟಣಿಯಲ್ಲಿರುತ್ತದೆ. ಅದರಲ್ಲೊಬ್ಬ ಪುಣೆಗೋ ಗೋವಾಕ್ಕೋ ದುಡಿಯಲು ಹೋಗಿ ತನ್ನ ಪಾಲನ್ನು ಲಾವಣಿಗೆ ಕೊಟ್ಟಿರುತ್ತಾನೆ, ಕಾಗದವಿಲ್ಲದೆ. ಬಿತ್ತಿದವನು ಒಬ್ಬ, ನೀರು ಬಿಟ್ಟವನು ಇನ್ನೊಬ್ಬ, ದುಡ್ಡು ಹಾಕಿದವನು ಊರಲ್ಲೇ ಇರುವುದಿಲ್ಲ. ದಾಳಿಯ ದಿನ ಹೊಲದಲ್ಲಿ ಸಿಕ್ಕವನು ಆರೋಪಿಯಾಗುತ್ತಾನೆ, ಇಲ್ಲವೇ ಉತಾರದಲ್ಲಿ ಹೆಸರಿದ್ದವನು ಆರೋಪಿಯಾಗುತ್ತಾನೆ. 2004ರಲ್ಲಿ ವರದಿಯಾದ ಅಲಖ್ ರಾಮ್ ಪ್ರಕರಣ ನಮ್ಮ ತಾಲ್ಲೂಕಿಗೆಂದೇ ಬರೆದಂತಿದೆ. ಉತ್ತರ ಪ್ರದೇಶದ ಒಬ್ಬ ರೈತನ ಹೊಲದಲ್ಲಿ ಗಾಂಜಾ ಗಿಡ ಸಿಕ್ಕಿತ್ತು. ಜಮೀನಿನಲ್ಲಿ ತಂದೆಗೂ ಸೋದರರಿಗೂ ಹಕ್ಕಿತ್ತು. ಇವನೇ ಬೆಳೆಸಿದ ಎಂಬುದಕ್ಕೆ ಸಾಕ್ಷ್ಯವಿಲ್ಲ, ಗಿಡ ತಾನಾಗಿ ಹುಟ್ಟಿರಲೂಬಹುದು ಎಂದು ಸುಪ್ರೀಂ ಕೋರ್ಟು ಅವನನ್ನು ಬಿಡುಗಡೆ ಮಾಡಿತು. ಬೆಳೆಯುವುದು ಎಂದರೆ ಕೈಯಾರೆ ಮಾಡಿದ ಕೆಲಸ. ಅದನ್ನು ಸಾಬೀತು ಮಾಡಲು ಉತಾರದ ಒಂದು ಹಾಳೆ ಸಾಲದು.

ಹೀಗೆಂದು ಜಮೀನುದಾರರು ನಿಶ್ಚಿಂತೆಯಿಂದ ಇರುವಂತಿಲ್ಲ. ತನ್ನ ಜಮೀನಿನಲ್ಲಿ ಗಾಂಜಾ ಗಿಡ ಕಂಡರೆ ಕೂಡಲೇ ತಿಳಿಸಬೇಕೆಂದು 46ನೇ ಕಲಮು ಜಮೀನು ಹಿಡಿದವನ ಮೇಲೆ ಹೊಣೆ ಹೊರಿಸಿದೆ. 47ನೇ ಕಲಮು ಅದೇ ಹೊಣೆಯನ್ನು ಸರ್ಕಾರಿ ಅಧಿಕಾರಿಗಳ ಮತ್ತು ಪಂಚಾಯಿತಿಯವರ ಮೇಲೆ ಹೊರಿಸಿದೆ. ಲಾವಣಿಗೆ ಕೊಟ್ಟವರು ವರ್ಷಕ್ಕೊಮ್ಮೆ ಕರಾರು ಬರೆಸಿಕೊಳ್ಳಿ, ಹೊಲಕ್ಕೆ ಹೋಗಿ ಬರುತ್ತಿರಿ. ಇದು ನನ್ನ ಕಕ್ಷಿಗಾರರಿಗೆ ನಾನು ಹೇಳುತ್ತ ಬಂದ ಮಾತು.

ದಾಳಿ ಹೇಗೆ ನಡೆಯಬೇಕು ಎಂಬುದಕ್ಕೆ ಬರೋಣ. ಗುಪ್ತ ಮಾಹಿತಿ ಬಂದರೆ ಅಧಿಕಾರಿ ಅದನ್ನು ಬರೆದಿಡಬೇಕು, 72 ತಾಸಿನೊಳಗೆ ಅದರ ಪ್ರತಿಯನ್ನು ಮೇಲಧಿಕಾರಿಗೆ ಕಳಿಸಬೇಕು ಎನ್ನುತ್ತದೆ 42ನೇ ಕಲಮು. ಮನೆ, ಗುಡಿಸಲು, ಆವರಣವಿರುವ ಜಾಗವನ್ನು ವಾರಂಟಿಲ್ಲದೆ ಶೋಧಿಸುವುದು ಸೂರ್ಯ ಹುಟ್ಟಿ ಮುಳುಗುವ ನಡುವೆ. ರಾತ್ರಿ ಹೋಗಲೇಬೇಕಾದರೆ ಯಾಕೆ ಎಂದು ಬರೆದು ಹೋಗಬೇಕು. ಕರ್ನೈಲ್ ಸಿಂಗ್ ಪ್ರಕರಣದಲ್ಲಿ 2009ರಲ್ಲಿ ಸಂವಿಧಾನ ಪೀಠ ಒಂದು ವಿವೇಕದ ದಾರಿ ತೋರಿಸಿತು. ಬರೆದು ಕಳಿಸುವುದು ತುಸು ತಡವಾದರೆ, ಸಮಾಧಾನಕರ ಕಾರಣವಿದ್ದರೆ, ಒಪ್ಪಬಹುದು. ಬರೆಯಲೇ ಇಲ್ಲ, ಕಳಿಸಲೇ ಇಲ್ಲ ಎಂದರೆ ಒಪ್ಪಲಾಗದು. ತೆರೆದ ಹೊಲಕ್ಕೆ 42 ಅನ್ವಯಿಸುತ್ತದೆಯೋ ಸಾರ್ವಜನಿಕ ಜಾಗದ 43 ಅನ್ವಯಿಸುತ್ತದೆಯೋ ಎಂಬ ವಾದ ಕೋರ್ಟುಗಳಲ್ಲಿ ನಡೆಯುತ್ತದೆ. ಆದರೆ ಹೊಲದ ಗುಡಿಸಲಿಗೆ ನುಗ್ಗಿದ್ದರೆ ಆ ವಾದಕ್ಕೂ ಜಾಗವಿಲ್ಲ.

50ನೇ ಕಲಮಿನ ಬಗ್ಗೆ ನಮ್ಮಲ್ಲಿ ಗೊಂದಲ ಹೆಚ್ಚು. ಅದು ಮೈಮೇಲಿನ ಶೋಧನೆಗೆ ಮಾತ್ರ. ಹೊಲಕ್ಕೂ ಚೀಲಕ್ಕೂ ಅದು ಅನ್ವಯಿಸುವುದಿಲ್ಲ ಎಂದು ಸುಪ್ರೀಂ ಕೋರ್ಟು ಹಲವು ಸಲ ಹೇಳಿದೆ. ಆದರೆ ಬಸ್ ಸ್ಟ್ಯಾಂಡಿನಲ್ಲಿ ಒಬ್ಬನನ್ನು ನಿಲ್ಲಿಸಿ ಅಂಗಿಯ ಜೇಬಿಗೆ ಕೈಹಾಕುವ ಮೊದಲು, ಪತ್ರಾಂಕಿತ ಅಧಿಕಾರಿಯ ಇಲ್ಲವೇ ಮ್ಯಾಜಿಸ್ಟ್ರೇಟರ ಎದುರು ಶೋಧನೆ ಬಯಸುವ ಹಕ್ಕು ನಿನಗಿದೆ ಎಂದು ಹೇಳಲೇಬೇಕು. 1999ರ ಬಲದೇವ್ ಸಿಂಗ್ ತೀರ್ಪಿನಲ್ಲಿ ಐವರು ನ್ಯಾಯಮೂರ್ತಿಗಳು ಇದನ್ನು ಸ್ಪಷ್ಟಪಡಿಸಿದರು. ಸಜೆ ಎಷ್ಟು ಕಠಿಣವೋ ರಕ್ಷಣೆಯ ಪಾಲನೆ ಅಷ್ಟೇ ಎಚ್ಚರದಿಂದ ಆಗಬೇಕು ಎಂಬುದು ಅದರ ತಿರುಳು. ‘ಸಾಕಷ್ಟು ಮಟ್ಟಿಗೆ ಪಾಲಿಸಿದ್ದೇವೆ’ ಎಂಬ ಸಮಜಾಯಿಷಿಯನ್ನು ಇನ್ನೊಂದು ಸಂವಿಧಾನ ಪೀಠ 2010ರಲ್ಲಿ ತಳ್ಳಿಹಾಕಿತು.

ನಮ್ಮ ಜಿಲ್ಲೆಯಲ್ಲಿ ಈ ಹಕ್ಕಿಗೆ ಇನ್ನೊಂದು ಮುಖವಿದೆ. ಮುದ್ರಿಸಿಟ್ಟ ನೋಟಿಸು ಕನ್ನಡದಲ್ಲಿರುತ್ತದೆ. ಸಿಕ್ಕಿಬಿದ್ದವನು ಬಸವನ ಬಾಗೇವಾಡಿ ಕಡೆಯ ತಾಂಡಾದ ಲಂಬಾಣಿ ಮಾತಿನವನಿರಬಹುದು, ಸೊಲ್ಲಾಪುರ ಕಡೆಯ ಮರಾಠಿಯವನಿರಬಹುದು. ಹೆಬ್ಬೆಟ್ಟು ಒತ್ತಿಸಿಕೊಂಡರೆ ಹಕ್ಕು ತಿಳಿಸಿದಂತೆ ಆಗುವುದಿಲ್ಲ. ಪರಮಾನಂದ ಪ್ರಕರಣದಲ್ಲಿ 2014ರಲ್ಲಿ ಇಬ್ಬರು ಆರೋಪಿಗಳಿಗೆ ಒಟ್ಟಿಗೇ ಹೇಳಿ, ಒಬ್ಬನಿಂದಲೇ ಇಬ್ಬರ ಪರ ಸಹಿ ಮಾಡಿಸಿದ್ದನ್ನು ಸುಪ್ರೀಂ ಕೋರ್ಟು ಒಪ್ಪಲಿಲ್ಲ. ಒಬ್ಬೊಬ್ಬನಿಗೂ, ಅವನಿಗೆ ತಿಳಿಯುವಂತೆ ಹೇಳಬೇಕು.

ಜಪ್ತಿಯಾದ ಮೇಲಿನ ಕಥೆ ಮುದ್ದೆಮಾಲಿನದು, ಪ್ರಕರಣ ನಿಲ್ಲುವುದೂ ಬೀಳುವುದೂ ಹೆಚ್ಚಾಗಿ ಇಲ್ಲಿಯೇ. 52ಎ ಕಲಮಿನ ಪ್ರಕಾರ ಮಾಲಿನ ಪಟ್ಟಿ, ಫೋಟೊ, ಮಾದರಿ ಎಲ್ಲವೂ ಮ್ಯಾಜಿಸ್ಟ್ರೇಟರ ಎದುರು ಆಗಿ ಅವರ ದೃಢೀಕರಣ ಪಡೆಯಬೇಕು. ಹೊಲದಲ್ಲೇ ಮಾದರಿ ತೆಗೆದು ಅರಗು ಹಾಕಿ ಕಳಿಸುವ ಹಳೆಯ ರೂಢಿಗೆ 2016ರ ಮೋಹನ್‌ಲಾಲ್ ತೀರ್ಪು ತಡೆ ಹಾಕಿತು. 2022ರ ಡಿಸೆಂಬರಿನ ಕೇಂದ್ರದ ನಿಯಮಗಳು ಅದನ್ನೇ ವಿಧಿವಿಧಾನವಾಗಿ ಬರೆದಿವೆ. ಗಾಂಜಾ ಮಾದರಿ 24 ಗ್ರಾಂ, ಅದೂ ಎರಡು ಪ್ರತಿ. ಠಾಣೆಯ ಮಾಲಖಾನೆಯಲ್ಲಿ ಅದು ಎಷ್ಟು ದಿನ ಇತ್ತು, ಕೀಲಿ ಯಾರ ಕೈಯಲ್ಲಿತ್ತು, ಅರಗಿನ ಮುದ್ರೆ ಯಾರ ಬಳಿ ಉಳಿಯಿತು, ಪ್ರಯೋಗಾಲಯಕ್ಕೆ ಒಯ್ದ ಪೇದೆ ಯಾರು, ಅವರು ತಲುಪಿಸಿದ ದಿನವೂ ರಸೀದಿಯ ದಿನವೂ ಒಂದೇ ಇದೆಯೇ? ಕೇಳುವವರಿಗೆ ಇವು ಬೇಸರದ ಪ್ರಶ್ನೆಗಳು. ಆದರೆ ಹೊಲದಲ್ಲಿ ಕಿತ್ತ ಗಿಡವೂ ಪ್ರಯೋಗಾಲಯದ ಮೇಜಿನ ಮೇಲಿನ ಎಲೆಯೂ ಒಂದೇ ಎಂದು ತಿಳಿಯಲು ನ್ಯಾಯಾಧೀಶರಿಗೆ ಬೇರೆ ದಾರಿಯಿಲ್ಲ. 2024ರ ಜುಲೈ 1ರಿಂದ ನಾಗರಿಕ ಸುರಕ್ಷಾ ಸಂಹಿತೆಯ 105ನೇ ಕಲಮು ಶೋಧನೆ ಮತ್ತು ಜಪ್ತಿಯ ವಿಡಿಯೊ ದಾಖಲೆಯನ್ನೂ ಕಡ್ಡಾಯ ಮಾಡಿದೆ. ಆ ವಿಡಿಯೊದಲ್ಲಿ ಕಾಟಾ ಕಾಣಬೇಕು, ಕಾಟಾದ ಮೇಲಿನ ಬೇರೂ ಕಾಣಬೇಕು.

ಇಲ್ಲಿ ನನ್ನ ವಕೀಲ ಬಾಂಧವರಿಗೂ ಒಂದು ಮಾತು ಹೇಳಲೇಬೇಕು. ಈ ಕಲಮುಗಳನ್ನು ಮಂತ್ರದಂತೆ ಉಚ್ಚರಿಸಿದರೆ ಖುಲಾಸೆ ಸಿಗುತ್ತದೆ ಎಂಬ ಕಾಲ ಹೋಯಿತು. ಫಿರ್ಯಾದಿ ಕೊಟ್ಟ ಅಧಿಕಾರಿಯೇ ತನಿಖೆ ಮಾಡಿದ ಎಂಬ ಒಂದೇ ಕಾರಣಕ್ಕೆ ಖುಲಾಸೆ ಕೇಳುತ್ತಿದ್ದೆವು, 2018ರ ಒಂದು ತೀರ್ಪನ್ನು ನಂಬಿ. 2020ರಲ್ಲಿ ಮುಕೇಶ್ ಸಿಂಗ್ ಪ್ರಕರಣದ ಸಂವಿಧಾನ ಪೀಠ ಅದನ್ನು ಅಳಿಸಿತು. 52ಎ ಪಾಲಿಸದಿದ್ದುದೊಂದೇ ಪ್ರಕರಣವನ್ನು ಕೆಡವುವುದಿಲ್ಲ, ಉಳಿದ ಸಾಕ್ಷ್ಯ ನಂಬಿಕೆಗೆ ಅರ್ಹವೇ ಎಂದು ನೋಡಬೇಕು ಎಂದು 2025ರ ಜನವರಿಯಲ್ಲಿ ಭಾರತ್ ಆಂಬಾಲೆ ತೀರ್ಪು ಹೇಳಿತು. ನನಗೆ ಇದರಲ್ಲಿ ಬೇಸರವಿಲ್ಲ. ರಕ್ಷಣೆಯ ಕಲಮುಗಳು ಅಪರಾಧಿ ನುಸುಳಿ ಹೋಗಲೆಂದು ಬಿಟ್ಟ ಕಿಂಡಿಗಳೆಂದು ನಾನು ಎಂದೂ ತಿಳಿದಿಲ್ಲ. ನಿಜವನ್ನು ಹಿಡಿದಿಡಲು ಕಾಯ್ದೆಯೇ ಕೊಟ್ಟ ಕೈಗಳು ಅವು. ಗಾಂಜಾ ನಮ್ಮ ಹುಡುಗರನ್ನು ಹಾಳು ಮಾಡಿದ್ದನ್ನು ನಾನೂ ಕಂಡಿದ್ದೇನೆ, ಕಾಲೇಜು ಬಿಟ್ಟು ಚಿಲುಮೆ ಹಿಡಿದವರ ತಂದೆತಾಯಂದಿರೂ ನನ್ನ ಕಚೇರಿಗೆ ಬಂದಿದ್ದಾರೆ. ಅವರ ದುಃಖಕ್ಕೆ ಉತ್ತರ ಸರಿಯಾದ ಪಂಚನಾಮೆಯೇ. ಕೆಟ್ಟ ಪಂಚನಾಮೆ ದುಡ್ಡು ಹಾಕಿದವನನ್ನು ಬಿಟ್ಟು ನೀರು ಬಿಟ್ಟವನನ್ನು ಹಿಡಿಯುತ್ತದೆ, ಆಮೇಲೆ ಅವನನ್ನೂ ಬಿಡುತ್ತದೆ, ನಡುವೆ ಐದಾರು ವರ್ಷ ತಿಂದುಹಾಕಿ.

ಈ ಕಾಯ್ದೆಯಲ್ಲಿ ಸಾಬೀತಿನ ಭಾರವೂ ಅರ್ಧ ತಿರುಗಿದೆ ಎಂಬುದನ್ನು ಮರೆಯಬಾರದು. ವಸ್ತು ನಿನ್ನ ಸ್ವಾಧೀನದಲ್ಲಿತ್ತು ಎಂದು ತೋರಿದರೆ ಅದು ನಿನಗೆ ತಿಳಿದೇ ಇತ್ತು ಎಂದು 35 ಮತ್ತು 54ನೇ ಕಲಮುಗಳು ಊಹಿಸಿಕೊಳ್ಳುತ್ತವೆ. 2008ರ ನೂರ್ ಆಗಾ ತೀರ್ಪು ಆ ಕಲಮುಗಳನ್ನು ಉಳಿಸಿತು. ಆದರೆ ಬುನಾದಿಯ ಸಂಗತಿಗಳನ್ನು, ಅಂದರೆ ಜಪ್ತಿಯನ್ನೂ ಸ್ವಾಧೀನವನ್ನೂ, ಅಭಿಯೋಜನೆ ಮೊದಲು ಸಾಬೀತು ಮಾಡಲಿ ಎಂದಿತು. ಊಹೆಯ ಭಾರ ಹೊರಿಸುವ ಕಾಯ್ದೆ ಆ ಊಹೆ ಹುಟ್ಟುವ ಹೊಲದಲ್ಲಿ ಎರಡರಷ್ಟು ಎಚ್ಚರ ಇಡಬೇಕು. ಅಧಿಕಾರಿಗಳ ಮುಂದೆ ಕೊಟ್ಟ ತಪ್ಪೊಪ್ಪಿಗೆಯ ಮೇಲೆ ಸಜೆ ಕಟ್ಟುವ ಅಭ್ಯಾಸವನ್ನು 2020ರ ತೂಫಾನ್ ಸಿಂಗ್ ತೀರ್ಪು ನಿಲ್ಲಿಸಿದ್ದೂ ಈ ಕಾರಣಕ್ಕೇ.

ಸಜೆಯಾಯಿತು ಎನ್ನಿ. ಇಂಡಿಯವನಿಗೆ ಇನ್ನು ಕಲಬುರಗಿಯೇ ಗತಿ. 2008ರ ಮೊದಲು ನಮ್ಮವರು ಒಂದು ಮೇಲ್ಮನವಿಗೆ ಬೆಂಗಳೂರಿಗೆ ಹೋಗಬೇಕಿತ್ತು. ಆ ವರ್ಷ ಕಲಬುರಗಿಗೆ ಹೈಕೋರ್ಟಿನ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಕಾಯಂ ಆಯಿತು. ದಾರಿ ಹತ್ತಿರವಾಯಿತು, ಭಾಷೆ ಹತ್ತಿರವಾಗಲಿಲ್ಲ. ಸಂವಿಧಾನದ 348ನೇ ವಿಧಿಯಂತೆ ಹೈಕೋರ್ಟಿನ ಕಲಾಪ ಇಂಗ್ಲಿಷಿನಲ್ಲಿ. ಹೊಲದಲ್ಲಿ ಕನ್ನಡದಲ್ಲಿ ನಡೆದದ್ದು ಕಾಗದದಲ್ಲಿ ಇಂಗ್ಲಿಷಾಗಿ ನ್ಯಾಯಮೂರ್ತಿಗಳ ಮುಂದೆ ಬರುತ್ತದೆ. ಮೇಲ್ಮನವಿಯ ಪೀಠಕ್ಕೆ ಹೊಲ ಕಾಣುವುದಿಲ್ಲ, ಸಾಕ್ಷಿಯ ಮುಖ ಕಾಣುವುದಿಲ್ಲ, ಕಾಟಾ ಕಾಣುವುದಿಲ್ಲ. ಕಾಗದ ಕಾಣುತ್ತದೆ. ಬೇರು ಕತ್ತರಿಸಿ ತೂಗಿದಿರಾ ಎಂಬ ಪ್ರಶ್ನೆಯನ್ನು ವಿಜಯಪುರದ ಕೋರ್ಟಿನಲ್ಲಿ ಪಾಟೀಸವಾಲಿನಲ್ಲಿ ಕೇಳದಿದ್ದರೆ, ಅದನ್ನು ಕಲಬುರಗಿಯಲ್ಲಿ ಕಟ್ಟಿ ನಿಲ್ಲಿಸುವುದು ಕಷ್ಟ. ಕಿರಿಯ ವಕೀಲರು ಇದೊಂದನ್ನು ಮನಸ್ಸಿನಲ್ಲಿಟ್ಟುಕೊಂಡರೆ ನಾನು ಬಂದದ್ದು ಸಾರ್ಥಕ. ಮೇಲ್ಮನವಿ ಬರೆಯುವುದು ಮೊದಲ ಸಾಕ್ಷಿಯ ದಿನದಿಂದಲೇ.

ಮೇಲ್ಮನವಿ ದಯೆಯ ಅರ್ಜಿಯಲ್ಲ, ಹಕ್ಕು. ಪೀಠ ಸಾಕ್ಷ್ಯವನ್ನು ಹೊಸದಾಗಿ ತೂಗಿ ನೋಡಬೇಕು. ವಕೀಲರು ಬರಲಿಲ್ಲವೆಂದು ಕ್ರಿಮಿನಲ್ ಅಪೀಲನ್ನು ವಜಾ ಮಾಡುವಂತಿಲ್ಲ, ದಾಖಲೆ ನೋಡಿ ಗುಣದೋಷದ ಮೇಲೇ ತೀರ್ಮಾನಿಸಬೇಕು ಎಂದು 1996ರ ಬನಿ ಸಿಂಗ್ ತೀರ್ಪು ಹೇಳಿದೆ. ಕೆಳಗಿನ ಕೋರ್ಟು ಖುಲಾಸೆ ಮಾಡಿದ್ದನ್ನು ಸರ್ಕಾರ ಪ್ರಶ್ನಿಸಿದರೆ ಏನಾಗಬೇಕು ಎಂಬುದಕ್ಕೆ ದೇಶವೆಲ್ಲ ಉಲ್ಲೇಖಿಸುವ ತೀರ್ಪು ನಮ್ಮ ರಾಜ್ಯದಿಂದಲೇ ಹೋದದ್ದು, 2007ರ ಚಂದ್ರಪ್ಪ ಪ್ರಕರಣ. ನಿರಪರಾಧಿ ಎಂಬ ಊಹೆ ಆರೋಪಿಗೆ ಮೊದಲೇ ಇತ್ತು, ಖುಲಾಸೆಯಿಂದ ಅದು ಇಮ್ಮಡಿಯಾಯಿತು, ಎರಡು ಅಭಿಪ್ರಾಯ ಸಾಧ್ಯವಿದ್ದರೆ ಖುಲಾಸೆಯನ್ನು ಕದಲಿಸಬಾರದು ಎಂಬುದು ಅದರ ನಿಲುವು.

ಅಪೀಲು ಬಾಕಿಯಿರುವಾಗ ಸಜೆಯನ್ನು ತಡೆಹಿಡಿಯಬಹುದೇ? 1989ರಲ್ಲಿ ಸೇರಿಸಿದ 32ಎ ಕಲಮು ಆಗದು ಎಂದಿತ್ತು. 2000ದ ದಾದು ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅಷ್ಟರ ಮಟ್ಟಿಗೆ ಆ ಕಲಮನ್ನು ರದ್ದು ಮಾಡಿತು. ತಡೆ ಸಿಗುವುದು ಈಗಲೂ ಸುಲಭವಲ್ಲ, 37ನೇ ಕಲಮಿನ ನೆರಳು ಇದ್ದೇ ಇದೆ. ಆದರೆ ವಿಚಾರಣೆ ವರ್ಷಗಟ್ಟಲೆ ಎಳೆದಾಗ ಜಾಮೀನು ಕೊಡಬೇಕಾಗುತ್ತದೆ ಎಂದು 2023ರ ಮಾರ್ಚಿನಲ್ಲಿ ಮಹಮ್ಮದ್ ಮುಸ್ಲಿಂ ಪ್ರಕರಣದಲ್ಲಿ, ಅದೂ ಗಾಂಜಾ ಪ್ರಕರಣವೇ, ಸುಪ್ರೀಂ ಕೋರ್ಟು ಹೇಳಿದೆ. ಆ ಮಾತನ್ನು ಹಿಡಿದು ಅರ್ಜಿ ಹಾಕಿ. ಒಂದು ಸಲ ವಜಾ ಆದರೆ ಬಿಡಬೇಡಿ.

ಇಲ್ಲಿ ಕುಳಿತ ಮನೆಯವರಿಗೆ ಕೊನೆಯ ಮಾತು. ನಿಮ್ಮವರಿಗೆ ಸೆಷನ್ಸ್ ಕೋರ್ಟಿನಲ್ಲಿ ಸಜೆಯಾದರೆ ತೀರ್ಪಿನ ನಕಲು ಅದೇ ದಿನ ಅವರಿಗೆ ಸಿಗಬೇಕು, ಅದಕ್ಕೆ ಒಂದು ರೂಪಾಯಿಯೂ ಕೊಡಬೇಕಿಲ್ಲ. ಹೈಕೋರ್ಟಿಗೆ ಅಪೀಲು ಮಾಡಲು 60 ದಿನ ಇರುತ್ತದೆ. ವಕೀಲರನ್ನು ಹಿಡಿಯಲು ದುಡ್ಡಿಲ್ಲದಿದ್ದರೆ ಜೈಲಿನ ಅಧಿಕಾರಿಯ ಕೈಗೇ ಅಪೀಲು ಕೊಡಬಹುದು, ಅವರು ಅದನ್ನು ಕೋರ್ಟಿಗೆ ಕಳಿಸಲೇಬೇಕು. ಬಂಧನದಲ್ಲಿರುವ ಯಾರಿಗೇ ಆಗಲಿ, ಆದಾಯ ಕೇಳದೆ, ಕಾನೂನು ಸೇವಾ ಪ್ರಾಧಿಕಾರ ಉಚಿತವಾಗಿ ವಕೀಲರನ್ನು ಕೊಡಬೇಕು. ವಿಜಯಪುರದ ಜಿಲ್ಲಾ ನ್ಯಾಯಾಲಯದಲ್ಲಿ ಅದರ ಕಚೇರಿಯಿದೆ, ತಾಲ್ಲೂಕು ಕೋರ್ಟುಗಳಲ್ಲಿ ಅದರ ಸಮಿತಿಗಳಿವೆ. ಹೋಗುವಾಗ ಪಂಚನಾಮೆಯ ಪ್ರತಿ ತೆಗೆದುಕೊಂಡು ಹೋಗಿ. ಅದರಲ್ಲಿ ಗಿಡಗಳನ್ನು ಹೇಗೆ ತೂಗಿದರು ಎಂಬ ಸಾಲನ್ನು ವಕೀಲರಿಂದ ಓದಿಸಿ ಕೇಳಿ.